ಗತಕಾಲದ ಪುನರುಜ್ಜೀವನ: ನಾವು ಯಾರನ್ನು ಮರೆಯುತ್ತೇವೆ?

ಬೀದರ್ ಜಿಲ್ಲೆಯ ಹುಮನಾಬಾದ್ ಕಡೆಯ ಬೇಮಳಖೇಡದಲ್ಲಿ ನಮ್ಮ ಸಂಬಂಧಿಕರೊಬ್ಬರ ಮನೆಯಿದೆ. ಮದುವೆಯ ನೆಪದಲ್ಲಿ ಅಲ್ಲಿ ಎರಡು ದಿನ ಉಳಿಯುವ ಅವಕಾಶ ಸಿಕ್ಕಿತ್ತು. ಮನೆಯೊಳಗೆ ದಖನಿ ಉರ್ದು, ಅಂಗಳ ದಾಟಿದರೆ ಕನ್ನಡ, ಸಂತೆಗೆ ಹೋದರೆ ಮರಾಠಿ ಮತ್ತು ತೆಲುಗು ಕೂಡ ಕಿವಿಗೆ ಬೀಳುವ ನಾಡು ಅದು. ಸಂಜೆ ಪಡಸಾಲೆಯಲ್ಲಿ ಕುಳಿತು ಓದುತ್ತಿದ್ದ ಆ ಮನೆಯ ಹುಡುಗಿ, ಕನ್ನಡ ಶಾಲೆಗೆ ಹೋಗುವವಳು, ಸಮಾಜ ವಿಜ್ಞಾನದ ಪುಸ್ತಕ ಹಿಡಿದುಕೊಂಡು ನಮ್ಮ ಬಳಿ ಬಂದಳು. ಯುರೋಪಿನ ಪುನರುಜ್ಜೀವನದ ಪಾಠ. ಗ್ರೀಕ್ ಮತ್ತು ರೋಮನ್ ಸಂಸ್ಕೃತಿಗೆ ಇಟಲಿಯಲ್ಲಿ ಮತ್ತೆ ಜೀವ ಬಂದಿತು ಎಂಬ ಸಾಲಿನ ಮೇಲೆ ಬೆರಳಿಟ್ಟು ಕೇಳಿದಳು: “ಮಾಮು, ಇವ್ರೆಲ್ಲಾ ಈಸಾಯಿಗಳೇ ಇದ್ರಲ್ಲ? ಮತ್ತ ಗ್ರೀಕರ ದೇವರ ಚಿತ್ರ ಯಾಕ ಬರದ್ರು? ಅವ್ರಿಗಿ ಗುನಾ ಆಗಲಿಲ್ಲೇನು?”

ಅವರು ಆ ದೇವರುಗಳನ್ನು ಪೂಜಿಸಲಿಲ್ಲ, ಕಥೆಯೆಂದು ತಿಳಿದು ಚಿತ್ರಿಸಿದರು ಎಂದು ಉತ್ತರಿಸಿದೆವು. ಹುಡುಗಿ ಸ್ವಲ್ಪ ಹೊತ್ತು ಸುಮ್ಮನಿದ್ದು ಇನ್ನೊಂದು ಪ್ರಶ್ನೆ ಹಾಕಿದಳು: “ಹಂಗಾದ್ರ ಕತಿ ಅಂತ ಹೇಳಿ ಯಾರ ದೇವರ ಬಗ್ಗೀನೂ ಏನು ಬೇಕಾದ್ರೂ ಬರೀಬಹುದಾ?”

ಈ ಎರಡನೆಯ ಪ್ರಶ್ನೆಗೆ ನಮ್ಮಲ್ಲಿ ಸಿದ್ಧ ಉತ್ತರವಿರಲಿಲ್ಲ. ಮರುದಿನ ಬಸವಕಲ್ಯಾಣಕ್ಕೆ ಹೋದಾಗಲೂ ಅದು ನಮ್ಮ ಜೊತೆಗೇ ಬಂತು. ಒಂದು ಸಮಾಜ ತಾನು ಬಿಟ್ಟು ಬಂದ ಅಥವಾ ತಾನು ನಂಬದ ಒಂದು ಪರಂಪರೆಯನ್ನು ಮತ್ತೆ ಎತ್ತಿ ಹಿಡಿಯುವುದಾದರೆ ಯಾವ ರೀತಿಯಲ್ಲಿ ಹಿಡಿಯಬೇಕು? ಗತಕಾಲದ ಮೇಲಿನ ಪ್ರೀತಿ ಯಾವಾಗ ಒಳ್ಳೆಯದು, ಯಾವಾಗ ಅನ್ಯಾಯ? ಇದು ಇಟಲಿಯ ಚಿತ್ರಕಾರರಿಗೆ ಮಾತ್ರ ಸಂಬಂಧಿಸಿದ ಪ್ರಶ್ನೆಯಲ್ಲ. ಕಲ್ಯಾಣದ ನೆಲದಲ್ಲಿ ಬದುಕುವವರಿಗೂ ಇದು ಅಷ್ಟೇ ಹತ್ತಿರದ ಪ್ರಶ್ನೆ.

ಚರ್ಚಿನ ಗೋಡೆಯ ಮೇಲೆ ಅಪೋಲೊ

ಹದಿನಾಲ್ಕನೆಯ ಶತಮಾನದಲ್ಲಿ ಪೆಟ್ರಾರ್ಕ್ ಹಳೆಯ ಲ್ಯಾಟಿನ್ ಹಸ್ತಪ್ರತಿಗಳನ್ನು ಹುಡುಕಿ ಅಲೆದ. ಅವನ ಗೆಳೆಯ ಬೊಕಾಚೊ ಗ್ರೀಕ್ ಮತ್ತು ರೋಮನ್ ದೇವತೆಗಳ ವಂಶಾವಳಿಯನ್ನೇ ಒಂದು ದೊಡ್ಡ ಗ್ರಂಥವಾಗಿ ಬರೆದ. 1417ರಲ್ಲಿ ಪೋಜೊ ಬ್ರಾಚೊಲೀನಿ ಎಂಬ ವಿದ್ವಾಂಸ ಮರೆತುಹೋಗಿದ್ದ ಲುಕ್ರೀಷಿಯಸ್ ಕವಿಯ ಕಾವ್ಯವನ್ನು ಪತ್ತೆಹಚ್ಚಿದ. ಫ್ಲಾರೆನ್ಸ್ ನಗರದಲ್ಲಿ ಮೆಡಿಚಿ ಮನೆತನದ ಆಶ್ರಯದಲ್ಲಿದ್ದ ಫಿಚೀನೊ ಪ್ಲೇಟೋನ ಕೃತಿಗಳನ್ನು ಲ್ಯಾಟಿನ್ನಿಗೆ ತಂದ. ಅದೇ ನಗರದಲ್ಲಿ 1480ರ ದಶಕದಲ್ಲಿ ಬಾಟಿಚೆಲ್ಲಿ ಕಡಲಿನಿಂದ ಎದ್ದು ಬರುವ ವೀನಸ್ ದೇವತೆಯನ್ನು ಚಿತ್ರಿಸಿದ. 1506ರಲ್ಲಿ ರೋಮಿನ ದ್ರಾಕ್ಷಿ ತೋಟವೊಂದರಲ್ಲಿ ಹಾವುಗಳು ಸುತ್ತಿಕೊಂಡ ಲಾವಕೂನ್‌ನ ಪುರಾತನ ಶಿಲ್ಪ ಸಿಕ್ಕಿತು. ಪೋಪ್ ಎರಡನೆಯ ಜೂಲಿಯಸ್ ಅದನ್ನು ತಂದು ವ್ಯಾಟಿಕನ್ ಅರಮನೆಯಲ್ಲಿ ಇರಿಸಿದರು. ಇದೇ ಪೋಪರ ಕೋಣೆಯೊಂದರಲ್ಲಿ ರಾಫೆಲ್ ಒಂದು ಗೋಡೆಯ ಮೇಲೆ ಕ್ರೈಸ್ತ ಪ್ರಸಾದದ ಮಹಿಮೆಯನ್ನೂ, ಇನ್ನೊಂದು ಗೋಡೆಯ ಮೇಲೆ ವೀಣೆಯಂಥ ವಾದ್ಯ ಹಿಡಿದ ಅಪೋಲೊ ದೇವತೆಯನ್ನೂ ಬರೆದ. ಅದೇ ಕೋಣೆಯ ಮೂರನೆಯ ಗೋಡೆಯಲ್ಲಿ ಗ್ರೀಕ್ ತತ್ವಜ್ಞಾನಿಗಳ ನಡುವೆ ರುಮಾಲು ಸುತ್ತಿದ ಇಬ್ನ್ ರುಶ್ದ್ ಕೂಡ ಇಣುಕುತ್ತಾರೆ.

ಇದನ್ನು ಎಲ್ಲರೂ ಒಪ್ಪಿದರೆಂದಲ್ಲ. ಸವೊನರೋಲಾ ಎಂಬ ಸನ್ಯಾಸಿ 1497ರ ಫೆಬ್ರವರಿಯಲ್ಲಿ ಫ್ಲಾರೆನ್ಸಿನ ಚೌಕದಲ್ಲಿ ಆಡಂಬರದ ವಸ್ತುಗಳ ದೊಡ್ಡ ಹೋಳಿಯನ್ನೇ ಉರಿಸಿದ. ಕನ್ನಡಿ, ಆಭರಣಗಳ ಜೊತೆ ಪುಸ್ತಕ, ಚಿತ್ರಗಳೂ ಬೂದಿಯಾದವು. ಮರು ವರ್ಷ ಅದೇ ಚೌಕದಲ್ಲಿ ಅವನನ್ನೇ ಗಲ್ಲಿಗೇರಿಸಿ ಸುಟ್ಟರು. ಮುಂದೆ ಪೋಪ್ ಆಗಿ ಬಂದ ಆರನೆಯ ಏಡ್ರಿಯನ್, ಲಾವಕೂನ್ ಶಿಲ್ಪವನ್ನು ತೋರಿಸಿದಾಗ ಇವು ಹಳಬರ ವಿಗ್ರಹಗಳೆಂದು ಮುಖ ತಿರುಗಿಸಿದರಂತೆ. ಎರಾಸ್ಮಸ್‌ನದು ಇನ್ನೊಂದು ಬಗೆಯ ಆಕ್ಷೇಪ. ಪ್ರಾಚೀನ ವಿದ್ಯೆಯನ್ನು ಅಪಾರವಾಗಿ ಪ್ರೀತಿಸಿದವನೇ ಅವನು. ಆದರೆ ಶುದ್ಧ ಲ್ಯಾಟಿನ್ ಬರೆಯುವ ಹಂಬಲದಲ್ಲಿ ತಮ್ಮ ದೇವರನ್ನೇ ಜುಪಿಟರ್ ಎಂದು ಕರೆಯುವವರನ್ನು 1528ರಲ್ಲಿ ಬರೆದ ಒಂದು ಸಂವಾದದಲ್ಲಿ ಚೆನ್ನಾಗಿ ಗೇಲಿ ಮಾಡಿದ.

ಹಾಗಾದರೆ ಚರ್ಚು ಇದನ್ನು ಹೇಗೆ ಸಹಿಸಿತು? ಅಂದಿನ ವಿದ್ವಾಂಸರು ಕೊಟ್ಟ ಉತ್ತರ ಸರಳವಾಗಿತ್ತು. ಈ ದೇವತೆಗಳು ಸಂಕೇತಗಳು. ವೀನಸ್ ಎಂದರೆ ಪ್ರೇಮ, ಮಿನರ್ವಾ ಎಂದರೆ ವಿವೇಕ, ಹರ್ಕ್ಯುಲಿಸ್ ಎಂದರೆ ಸಾಹಸ. ಕಥೆಯ ಸಿಪ್ಪೆ ಸುಲಿದರೆ ಒಳಗೆ ನೀತಿಯ ತಿರುಳು ಸಿಗುತ್ತದೆ. ಅವುಗಳ ಮುಂದೆ ದೀಪ ಹಚ್ಚುವವರು ಯಾರೂ ಉಳಿದಿಲ್ಲವಾದ್ದರಿಂದ ಅವುಗಳಿಂದ ಅಪಾಯವೂ ಇಲ್ಲ.

ಈ ಕೊನೆಯ ಮಾತನ್ನು ಓದುಗರು ಗಮನಿಸಬೇಕು. ನಮ್ಮ ಇಡೀ ಚರ್ಚೆ ನಿಂತಿರುವುದು ಅದರ ಮೇಲೆ.

ಕವಿಯ ಗೋವಾ, ದೇವರುಗಳ ಗೋವಾ

ಪೋರ್ಚುಗಲ್ಲಿನ ಮಹಾಕವಿ ಕಮೋಯ್ಸ್ 1553ರಲ್ಲಿ ಗೋವಾಕ್ಕೆ ಬಂದವನು. ವಾಸ್ಕೊ ಡ ಗಾಮನ ಕಲ್ಲಿಕೋಟೆ ಯಾನವನ್ನು ಕುರಿತ ಅವನ ಮಹಾಕಾವ್ಯ 1572ರಲ್ಲಿ ಲಿಸ್ಬನ್ನಿನಲ್ಲಿ ಅಚ್ಚಾಯಿತು. ಆ ಕಾವ್ಯದಲ್ಲಿ ವೀನಸ್ ದೇವತೆ ಪೋರ್ಚುಗೀಸ್ ಹಡಗುಗಳನ್ನು ಕಾಪಾಡುತ್ತಾಳೆ, ಬಾಕಸ್ ದೇವತೆ ಅಡ್ಡಿಪಡಿಸುತ್ತಾನೆ. ಕಾವ್ಯವನ್ನು ಪರಿಶೀಲಿಸಿದ ಧರ್ಮವಿಚಾರಣೆಯ ಅಧಿಕಾರಿ, ಈ ದೇವತೆಗಳು ಕವಿಯ ಶೈಲಿಗೆ ಅಲಂಕಾರ ಮಾತ್ರ, ಇದರಿಂದ ವಿಶ್ವಾಸಕ್ಕೆ ಧಕ್ಕೆಯಿಲ್ಲ ಎಂದು ಅನುಮತಿ ಕೊಟ್ಟ. ಉದಾರ ನಿಲುವೇ ಸರಿ.

ಆದರೆ ಅದೇ ಪೋರ್ಚುಗೀಸರ ಅದೇ ಗೋವಾದಲ್ಲಿ ಆ ವರ್ಷಗಳಲ್ಲಿ ನಡೆಯುತ್ತಿದ್ದುದೇನು? 1540ರಿಂದ ದೇವಾಲಯಗಳನ್ನು ಕೆಡವುವ ಕೆಲಸ ಸಾಗಿತ್ತು. 1560ರಲ್ಲಿ ಗೋವಾದ ಧರ್ಮವಿಚಾರಣಾ ನ್ಯಾಯಾಲಯ ಆರಂಭವಾಯಿತು. ಸಾಷ್ಟಿ ಭಾಗದ ಭಕ್ತರು ಮಂಗೇಶ, ಶಾಂತಾದುರ್ಗೆಯರನ್ನು ಗುಟ್ಟಾಗಿ ಹೊತ್ತುಕೊಂಡು ನದಿ ದಾಟಿದರು. ಅವರು ಹೋಗಿ ನೆಲೆಗೊಳಿಸಿದ್ದು ಫೋಂಡಾ ಸೀಮೆಯಲ್ಲಿ. ಆಗ ಆ ಸೀಮೆ ಇದ್ದುದು ಬಿಜಾಪುರದ ಆದಿಲ್‌ಶಾಹಿ ಆಡಳಿತದಲ್ಲಿ. ಸುಲ್ತಾನನೇ ಕೈಬೀಸಿ ಕರೆದನೆಂದು ನಾವು ಹೇಳುತ್ತಿಲ್ಲ. ಆದರೆ ಓಡಿಬಂದ ದೇವರುಗಳಿಗೂ ಭಕ್ತರಿಗೂ ಅಲ್ಲಿ ಬದುಕಲು ಜಾಗ ಸಿಕ್ಕಿತು ಎಂಬುದು ಇತಿಹಾಸ. ಆ ದೇವಾಲಯಗಳು ಇಂದಿಗೂ ಅಲ್ಲಿವೆ.

ಕಡಲಿನ ಆಚೆಗೆ ನೋಡಿದರೂ ಇದೇ ಚಿತ್ರ. ರಾಫೆಲ್ ಅಪೋಲೊನನ್ನು ಬರೆದು ಮುಗಿಸಿದ ಹತ್ತು ವರ್ಷಗಳಲ್ಲಿ, 1521ರಲ್ಲಿ, ಸ್ಪೇನಿನವರು ಮೆಕ್ಸಿಕೊದಲ್ಲಿ ಆಜ್ಟೆಕ್ ರಾಜಧಾನಿಯನ್ನು ವಶಪಡಿಸಿಕೊಂಡು ಅಲ್ಲಿನ ಮಹಾದೇಗುಲವನ್ನು ನೆಲಸಮ ಮಾಡಿದರು. ಪೂಜೆ ನಿಂತು ಸಾವಿರ ವರ್ಷವಾಗಿದ್ದ ದೇವತೆಗಳಿಗೆ ಪೋಪರ ಅರಮನೆಯಲ್ಲಿ ಗೋಡೆ ಸಿಕ್ಕಿತು. ಪೂಜೆ ನಡೆಯುತ್ತಿದ್ದ ದೇವತೆಗಳಿಗೆ ಹಾರೆ, ಪಿಕಾಸಿ ಸಿಕ್ಕವು.

ಇದನ್ನು ಕ್ರೈಸ್ತರ ಮೇಲಿನ ದೂರಾಗಿ ನಾವು ಬರೆಯುತ್ತಿಲ್ಲ. ಅಂಥ ದೂರು ಹೇಳುವ ಹಕ್ಕು ಯಾವ ಸಮುದಾಯಕ್ಕೂ ಪೂರ್ತಿಯಾಗಿಲ್ಲ. ಇದರಲ್ಲಿ ಮನುಷ್ಯ ಸ್ವಭಾವದ ಒಂದು ಗುಣ ಕಾಣುತ್ತದೆ. ಸತ್ತುಹೋದ ಪರಂಪರೆಯನ್ನು ಮೆಚ್ಚುವುದು ಸುಲಭ. ಅದು ನಮ್ಮಿಂದ ಏನನ್ನೂ ಕೇಳುವುದಿಲ್ಲ. ವೀನಸ್ ದೇವತೆ ತನ್ನ ಗುಡಿಗೆ ಜಾಗ ಕೊಡಿ ಎಂದು ಯಾವ ಪೋಪರ ಮುಂದೆಯೂ ಅರ್ಜಿ ಹಿಡಿದು ನಿಲ್ಲಲಿಲ್ಲ. ಬದುಕಿರುವ ಪರಂಪರೆಯ ಹಿಂದೆ ಮಾತ್ರ ಬದುಕಿರುವ ಮನುಷ್ಯರಿರುತ್ತಾರೆ. ಅವರಿಗೆ ಮನೆ ಬೇಕು, ದಾರಿ ಬೇಕು, ಹಬ್ಬದ ದಿನ ಮೆರವಣಿಗೆಗೆ ಬೀದಿ ಬೇಕು, ಸತ್ತರೆ ಮಣ್ಣು ಬೇಕು. ಉದಾರತೆಯ ನಿಜವಾದ ಪರೀಕ್ಷೆ ನಡೆಯುವುದು ಅವರ ಮುಂದೆ.

ಕಲ್ಯಾಣದ ಹಳೆಯ ಕಂಬಗಳು

ನಮ್ಮ ನಾಡಿನಲ್ಲೂ ಅದೇ ಕಾಲದಲ್ಲಿ ಒಂದು ಪುನರುಜ್ಜೀವನ ನಡೆಯಿತು. ಶಾಲೆಯ ಪುಸ್ತಕಗಳಲ್ಲಿ ಅದರ ಪ್ರಸ್ತಾಪ ಅಪರೂಪ. ಅದರ ಕೇಂದ್ರದಲ್ಲಿದ್ದುದು ಕಲ್ಯಾಣ.

ಹನ್ನೊಂದನೆಯ ಶತಮಾನದಲ್ಲಿ ಒಂದನೆಯ ಸೋಮೇಶ್ವರನ ಕಾಲದಿಂದ ಕಲ್ಯಾಣ ಚಾಲುಕ್ಯರ ರಾಜಧಾನಿ. ಆರನೆಯ ವಿಕ್ರಮಾದಿತ್ಯ 1076ರಿಂದ 1126ರವರೆಗೆ ಆಳಿ ತನ್ನದೇ ಶಕೆಯನ್ನು ಆರಂಭಿಸಿದ. ಅವನ ಆಶ್ರಯದಲ್ಲಿ ಬಿಲ್ಹಣ ಕವಿ ಕಾವ್ಯ ಬರೆದ, ವಿಜ್ಞಾನೇಶ್ವರ ಮಿತಾಕ್ಷರಾ ಎಂಬ ನ್ಯಾಯಗ್ರಂಥ ರಚಿಸಿದ. ಹುಮನಾಬಾದ್ ಸೀಮೆಯ ಜಲಸಂಗ್ವಿ ಗುಡಿಯ ಹೊರಗೋಡೆಯಲ್ಲಿ ಕಲ್ಲಿನ ಹೆಣ್ಣೊಬ್ಬಳು ಬೆನ್ನು ತಿರುಗಿಸಿ ನಿಂತು ಇದೇ ವಿಕ್ರಮಾದಿತ್ಯನ ಹೊಗಳಿಕೆಯನ್ನು ಕೆತ್ತುತ್ತಿರುವುದನ್ನು ಇಂದಿಗೂ ನೋಡಬಹುದು. ಈ ಚಾಲುಕ್ಯರು ಕೂಡ ತಾವು ಬಾದಾಮಿಯ ಹಳೆಯ ಚಾಲುಕ್ಯರ ಮುಂದುವರಿಕೆಯೆಂದು ಹೇಳಿಕೊಂಡವರು. ಅಂದರೆ ಗತವೈಭವವನ್ನು ಮತ್ತೆ ತರುವ ಹಂಬಲ ಅವರಲ್ಲೇ ಇತ್ತು. ಮುಂದೆ ಬಿಜ್ಜಳ ಬಂದ, ಬಸವಣ್ಣನವರೂ ಶರಣರೂ ಬಂದರು, ಕಲ್ಯಾಣದ ಕ್ರಾಂತಿ ನಡೆಯಿತು. ಹನ್ನೆರಡನೆಯ ಶತಮಾನದ ಕೊನೆಗೆ ಚಾಲುಕ್ಯರ ಆಳ್ವಿಕೆ ಮುಗಿಯಿತು.

ಸುಮಾರು ಮುನ್ನೂರೈವತ್ತು ವರ್ಷಗಳ ನಂತರ, ಹದಿನಾರನೆಯ ಶತಮಾನದಲ್ಲಿ, ಆ ಹೆಸರಿಗೆ ಮತ್ತೆ ಬೆಲೆ ಬಂತು. ವಿಜಯನಗರದ ಅಳಿಯ ರಾಮರಾಯನ ಅರವೀಡು ಮನೆತನ ಚಾಲುಕ್ಯರ ಬಿರುದುಗಳನ್ನು ಧರಿಸಿತು. ಕಲ್ಯಾಣದ ಕೋಟೆ ಯಾರ ಕೈಯಲ್ಲಿರಬೇಕೆಂಬ ವಿಷಯದಲ್ಲಿ ಅವನು ಸುಲ್ತಾನರ ಜಗಳಗಳಲ್ಲಿ ಮತ್ತೆ ಮತ್ತೆ ಕೈಹಾಕಿದ. ಇತ್ತ ಬಿಜಾಪುರದಲ್ಲಿ ಒಂದನೆಯ ಅಲಿ ಆದಿಲ್‌ಶಾಹನ ಕಾಲದಲ್ಲಿ ಒಳಕೋಟೆಯ ಬಾಗಿಲಿಗೆ ಚಾಲುಕ್ಯರ ಕಾಲದ ಕಂಬಗಳನ್ನೂ ಕನ್ನಡ ಶಾಸನಗಳನ್ನೂ ತಂದು ಜೋಡಿಸಿದರು ಎಂದು ರಿಚರ್ಡ್ ಈಟನ್ ಮತ್ತು ಫಿಲಿಪ್ ವ್ಯಾಗನರ್ ಎಂಬ ವಿದ್ವಾಂಸರು 2014ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ವಾದಿಸಿದ್ದಾರೆ. ಹಂಪಿಯ ಅರಮನೆ ಆವರಣದಲ್ಲಿ ಸಿಕ್ಕ ಸುಂದರವಾದ ಮೆಟ್ಟಿಲುಗಳ ಪುಷ್ಕರಣಿ ಕೂಡ ಬೇರೆಡೆಯ ಚಾಲುಕ್ಯ ನೆಲೆಯಿಂದ ಕಳಚಿ ತಂದು ಮತ್ತೆ ಜೋಡಿಸಿದ್ದು ಎಂಬುದು ಅವರ ಅಭಿಪ್ರಾಯ. ಅದರ ಕಲ್ಲುಗಳ ಮೇಲೆ ಯಾವುದು ಎಲ್ಲಿ ಕೂರಬೇಕೆಂಬ ಗುರುತುಗಳಿವೆ. ಗಿರೀಶ ಕಾರ್ನಾಡರು 2018ರಲ್ಲಿ ಪ್ರಕಟಿಸಿದ ‘ರಾಕ್ಷಸ ತಂಗಡಿ’ ನಾಟಕದಲ್ಲಿ ರಾಮರಾಯನ ಈ ಕಲ್ಯಾಣದ ಗೀಳು ನಮ್ಮ ಕಣ್ಣಿಗೆ ಕಟ್ಟುತ್ತದೆ.

ಒಬ್ಬ ಹಿಂದೂ ಅರಸ, ಒಬ್ಬ ಮುಸ್ಲಿಮ್ ಸುಲ್ತಾನ. ಇಬ್ಬರೂ ಒಂದೇ ಗತಕಾಲಕ್ಕೆ ಕೈಚಾಚಿದರು. ಅಲಿ ಆದಿಲ್‌ಶಾಹನನ್ನು ರಾಮರಾಯ ಮಗನಂತೆ ಬರಮಾಡಿಕೊಂಡಿದ್ದನೆಂದೂ ಚರಿತ್ರೆ ಹೇಳುತ್ತದೆ. ಆದರೂ 1565ರ ಜನವರಿಯಲ್ಲಿ ತಾಳಿಕೋಟೆಯ ಕಾಳಗದಲ್ಲಿ ಇಬ್ಬರೂ ಎದುರುಬದುರಾದರು. ರಾಮರಾಯ ತಲೆ ಕಳೆದುಕೊಂಡ, ವಿಜಯನಗರ ಹಾಳಾಯಿತು. ಒಂದೇ ಪರಂಪರೆಯನ್ನು ಮೆಚ್ಚಿದ ಮಾತ್ರಕ್ಕೆ ಮೆಚ್ಚಿದವರು ಪರಸ್ಪರ ಒಳ್ಳೆಯವರಾಗುವುದಿಲ್ಲ. ಚಾಲುಕ್ಯರ ಕಂಬ ಅವರಿಬ್ಬರಿಗೂ ಬೇಕಾಗಿದ್ದುದು ಮುಖ್ಯವಾಗಿ ಸಿಂಹಾಸನಕ್ಕೆ ಆನಿಕೆಯಾಗಿ. ಹಳೆಯ ಗುಡಿಯ ಕಂಬ ಕೋಟೆಯ ಬಾಗಿಲಲ್ಲಿ ನಿಂತಾಗ ಅದು ಗೌರವವೋ ಗೆಲುವಿನ ಪ್ರದರ್ಶನವೋ ಎಂದು ಕೇಳಿದರೆ ಎರಡೂ ಇರಬಹುದೆಂದು ಪ್ರಾಮಾಣಿಕವಾಗಿ ಒಪ್ಪಬೇಕಾಗುತ್ತದೆ.

1326ರ ಒಂದು ಅರ್ಜಿ

ಆದರೆ ಕಲ್ಯಾಣದಲ್ಲೇ ಇದಕ್ಕಿಂತ ಹಳೆಯದಾದ, ಇದಕ್ಕಿಂತ ಸಣ್ಣದಾದ ಇನ್ನೊಂದು ಘಟನೆಯಿದೆ. ಅದರಲ್ಲಿ ಸಿಂಹಾಸನದ ಮಾತೇ ಇಲ್ಲ. ಅದಕ್ಕಾಗಿಯೇ ಅದು ನಮಗೆ ದೊಡ್ಡದಾಗಿ ಕಾಣುತ್ತದೆ.

ಮುಹಮ್ಮದ್ ಬಿನ್ ತುಘ್ಲಕ್ ದಿಲ್ಲಿಯಲ್ಲಿ ಆಳುತ್ತಿದ್ದ ಕಾಲ. ಕಲ್ಯಾಣ ಆಗ ಅವನ ರಾಜ್ಯದ ಭಾಗ. ನಗರದಲ್ಲಿ ನಡೆದ ಗಲಭೆಯೊಂದರಲ್ಲಿ ಮಧುಕೇಶ್ವರ ದೇವಾಲಯದ ಶಿವಲಿಂಗಕ್ಕೆ ಹಾನಿಯಾಯಿತು. ಪೂಜೆ ನಿಂತಿತು. ಊರಿನವರು ಸುಲ್ತಾನನ ಸ್ಥಳೀಯ ಅಧಿಕಾರಿಯಾಗಿದ್ದ ಖ್ವಾಜಾ ಅಹ್ಮದ್ ಅವರ ಮುಂದೆ ಬಂದು, ಲಿಂಗವನ್ನು ಮತ್ತೆ ಪ್ರತಿಷ್ಠಾಪಿಸಲು ಅಪ್ಪಣೆ ಬೇಡಿದರು. ಪೂಜೆ ಮಾಡುವುದು ಅವರ ಧರ್ಮ, ಅದು ನಡೆಯಬೇಕು ಎಂಬ ಕಾರಣಕ್ಕೆ ಅನುಮತಿ ಸಿಕ್ಕಿತು. ಲಿಂಗದ ಪುನಃಪ್ರತಿಷ್ಠೆಯಾಯಿತು. ಈ ಸಂಗತಿಯನ್ನು ಸಂಸ್ಕೃತದಲ್ಲಿ ಶಾಸನವಾಗಿ ಬರೆಸಿದರು. ಅದರ ಕಾಲ ಶಕ ವರ್ಷ 1248, ಎಂದರೆ ಕ್ರಿ.ಶ. 1326. ವಿದ್ವಾಂಸ ಪಿ.ಬಿ. ದೇಸಾಯಿಯವರು ಅದನ್ನು ಓದಿ ಪ್ರಕಟಿಸಿದರು.

ಈ ಘಟನೆಯನ್ನು ಬಾಟಿಚೆಲ್ಲಿಯ ಚಿತ್ರದ ಪಕ್ಕದಲ್ಲಿಟ್ಟು ನೋಡೋಣ. ಫ್ಲಾರೆನ್ಸಿನ ಶ್ರೀಮಂತರು ಸತ್ತ ದೇವತೆಯೊಬ್ಬಳನ್ನು ಸೌಂದರ್ಯಕ್ಕಾಗಿ ಮೆಚ್ಚಿದರು. ಕಲ್ಯಾಣದ ಅಧಿಕಾರಿಗೆ ಮಧುಕೇಶ್ವರನ ಸೌಂದರ್ಯದ ಬಗ್ಗೆ ಯಾವ ಅಭಿಪ್ರಾಯವೂ ಇದ್ದಿರಬೇಕಿಲ್ಲ. ಆ ಪೂಜೆ ಅವರ ನಂಬಿಕೆಗೆ ಸೇರಿದ್ದಲ್ಲ. ಅವರು ಶಿವನನ್ನು ಸಂಕೇತವೆಂದು ವ್ಯಾಖ್ಯಾನಿಸಲಿಲ್ಲ, ಅಲಂಕಾರ ಮಾಡಿಕೊಳ್ಳಲೂ ಇಲ್ಲ. ಇದು ಇವರ ಪಾಲಿಗೆ ಧರ್ಮ ಎಂಬ ಒಂದೇ ಮಾತನ್ನು ಒಪ್ಪಿಕೊಂಡರು. ನಮ್ಮ ದೃಷ್ಟಿಯಲ್ಲಿ ಇದು ಹೆಚ್ಚು ಕಷ್ಟದ ಕೆಲಸ. ಇಲ್ಲಿ ಎದುರಿಗೆ ನಿಂತಿದ್ದುದು ಚಿತ್ರಪಟವಲ್ಲ, ಅರ್ಜಿ ಹಿಡಿದ ಮನುಷ್ಯ.

ಇದರಿಂದ ಆ ಕಾಲದ ಆಡಳಿತವೆಲ್ಲ ನ್ಯಾಯದ್ದಾಗಿತ್ತು ಎಂಬ ತೀರ್ಮಾನಕ್ಕೆ ಬರಬಾರದು. ದಿಲ್ಲಿಯ ಸೈನ್ಯಗಳು ದಖ್ಖನಿಗೆ ಬಂದಾಗ ಗುಡಿಗಳು ಮುರಿದವು. ಬಿಜಾಪುರದಲ್ಲಿ 1320ರ ಕರೀಮುದ್ದೀನ್ ಮಸೀದಿಯಲ್ಲಿ ಗುಡಿಯ ಕಂಬಗಳಿವೆ. ಇದನ್ನು ಬಚ್ಚಿಟ್ಟು 1326ರ ಶಾಸನವನ್ನಷ್ಟೇ ತೋರಿಸುವುದು ಕೂಡ ಒಂದು ಬಗೆಯ ಅಸತ್ಯ. ನಮಗೆ ಹಿತವಾದ ಪುಟಗಳನ್ನು ಮಾತ್ರ ಓದುವುದನ್ನು ನಾವು ಇತರರಲ್ಲಿ ಕಂಡರೆ ಟೀಕಿಸುತ್ತೇವೆ. ಅದೇ ಅಳತೆಗೋಲು ನಮಗೂ ಇರಬೇಕು.

ತಿಳಿಯುವುದು ಬೇರೆ, ಆರಾಧಿಸುವುದು ಬೇರೆ

ಇಲ್ಲಿ ನಮ್ಮವರೇ ಕೆಲವರು ಒಂದು ಆಕ್ಷೇಪ ಎತ್ತಬಹುದು. ಏಕದೇವನನ್ನು ನಂಬುವವರು ಅನ್ಯ ದೇವತೆಗಳ ಕಥೆಗಳನ್ನು ಓದುವುದಾದರೂ ಏಕೆ? ಅದರಿಂದ ವಿಶ್ವಾಸ ಸಡಿಲವಾಗುವುದಿಲ್ಲವೇ? ಈ ಆತಂಕವನ್ನು ಗೇಲಿ ಮಾಡುವುದು ಸರಿಯಲ್ಲ. ಇದು ಬಹಳ ಹಳೆಯ ಆತಂಕ, ಅದರ ಹಿಂದೆ ಪ್ರಾಮಾಣಿಕತೆಯೂ ಇದೆ.

ಬಗ್ದಾದಿನ ಅಬ್ಬಾಸಿಯಾ ಕಾಲದಲ್ಲಿ ಅರಿಸ್ಟಾಟಲ್, ಗ್ಯಾಲೆನ್, ಯೂಕ್ಲಿಡ್, ಟಾಲೆಮಿಯರ ಗ್ರಂಥಗಳು ಅರಬಿಗೆ ಬಂದವು. ಹುನೈನ್ ಇಬ್ನ್ ಇಸ್‌ಹಾಕ್ ಅವರಂಥ ಕ್ರೈಸ್ತ ವಿದ್ವಾಂಸರು ಅದರಲ್ಲಿ ಮುಂದಿದ್ದರು. ಆದರೆ ಹೋಮರನ ಮಹಾಕಾವ್ಯಗಳನ್ನಾಗಲಿ ಗ್ರೀಕ್ ನಾಟಕಗಳನ್ನಾಗಲಿ ಯಾರೂ ತರಲಿಲ್ಲ. ತರ್ಕ, ವೈದ್ಯ, ಗಣಿತ ಬೇಕು, ದೇವತೆಗಳ ಜಗಳದ ಕಥೆ ಬೇಡ ಎಂಬ ಆಯ್ಕೆ ಅದು. ಇದಕ್ಕೆ ಒಂದು ಬೆಲೆಯನ್ನೂ ತೆರಬೇಕಾಯಿತು. ಅರಿಸ್ಟಾಟಲನ ಕಾವ್ಯಮೀಮಾಂಸೆಯನ್ನು ಅನುವಾದಿಸುವಾಗ ದುರಂತ ನಾಟಕ ಎಂದರೇನೆಂದು ತಿಳಿಯದೆ ಅದನ್ನು ಹೊಗಳಿಕೆಯ ಕಾವ್ಯವೆಂದೇ ಅರ್ಥ ಮಾಡಿಕೊಂಡರು. ಇಬ್ನ್ ರುಶ್ದ್‌ರಂಥ ಮಹಾ ಪಂಡಿತರೂ ಇಲ್ಲಿ ಎಡವಿದರು. ಇಲಿಯಡ್ ಕಾವ್ಯದ ಪೂರ್ಣ ಅರಬಿ ಅನುವಾದವನ್ನು ಸುಲೈಮಾನ್ ಅಲ್ ಬುಸ್ತಾನಿ ಎಂಬ ಲೆಬನಾನಿನ ಕ್ರೈಸ್ತ ವಿದ್ವಾಂಸ ಪ್ರಕಟಿಸಿದ್ದು 1904ರಲ್ಲಿ.

ಇದರ ಜೊತೆಗೆ ಇನ್ನೊಂದು ಪರಂಪರೆಯೂ ನಮ್ಮಲ್ಲಿದೆ. ಇಸ್ಲಾಮ್‌ಗಿಂತ ಹಿಂದಿನ ಜಾಹಿಲಿಯಾ ಕಾಲದ ಅರಬಿ ಕವಿತೆಗಳನ್ನು ಸಂಗ್ರಹಿಸಿ, ವ್ಯಾಖ್ಯಾನ ಬರೆದು ಉಳಿಸಿದವರು ಮುಸ್ಲಿಮ್ ವಿದ್ವಾಂಸರೇ. ಮದಿರೆಯನ್ನೂ ಕುಲಾಭಿಮಾನವನ್ನೂ ಹೊಗಳುವ ಆ ಕವಿತೆಗಳ ಸಹಾಯದಿಂದಲೇ ಅವರು ಕುರ್‌ಆನಿನ ಭಾಷೆಯನ್ನು ಬಿಡಿಸಿ ತಿಳಿದರು. ಇರಾನಿನಲ್ಲಿ ಫಿರ್ದೌಸಿ 1010ರಲ್ಲಿ ಮುಗಿಸಿದ ಶಾಹನಾಮೆ ಇಸ್ಲಾಮ್‌ಪೂರ್ವ ಅರಸರ ಕಥೆ. ಕುರ್‌ಆನ್ ಕೂಡ ಭೂಮಿಯಲ್ಲಿ ಸಂಚರಿಸಿ ಹಿಂದಿನ ಜನಾಂಗಗಳ ಗತಿಯನ್ನು ನೋಡಿರೆಂದು ಕರೆ ಕೊಡುತ್ತದೆ. ನೋಡದೆ ಪಾಠ ಕಲಿಯುವುದು ಹೇಗೆ?

ಇವೆಲ್ಲಕ್ಕಿಂತ ನಮಗೆ ಹತ್ತಿರವಾದ ಮಾದರಿ ಅಲ್ ಬಿರೂನಿಯದು. ಸುಮಾರು 1030ರಲ್ಲಿ ಭಾರತದ ಬಗ್ಗೆ ಬರೆದ ಗ್ರಂಥದಲ್ಲಿ ಅವರು ಹಿಂದೂಗಳ ನಂಬಿಕೆಗಳನ್ನು ಗ್ರೀಕರ ನಂಬಿಕೆಗಳ ಜೊತೆಗಿಟ್ಟು ವಿವರಿಸುತ್ತಾರೆ. ಇದು ವಾದಕ್ಕಾಗಿ ಬರೆದ ಪುಸ್ತಕವಲ್ಲ, ಅವರು ಹೇಳುವುದನ್ನು ಅವರು ಹೇಳುವಂತೆಯೇ ಮುಂದಿಡುತ್ತೇನೆ ಎಂಬುದು ಅವರ ನಿಲುವು. ಅದಕ್ಕಾಗಿ ಸಂಸ್ಕೃತ ಕಲಿತರು, ಪಂಡಿತರ ಬಳಿ ಕುಳಿತರು. ತಮ್ಮ ವಿಶ್ವಾಸವನ್ನು ಬಿಟ್ಟುಕೊಡಲಿಲ್ಲ, ಇನ್ನೊಬ್ಬರ ವಿಶ್ವಾಸವನ್ನು ತಿರುಚಲೂ ಇಲ್ಲ.

ನಮ್ಮ ನೆಲದಲ್ಲೇ ಎರಡನೆಯ ಇಬ್ರಾಹೀಮ್ ಆದಿಲ್‌ಶಾಹ ‘ಕಿತಾಬೆ ನವರಸ’ದ ಹಾಡುಗಳಲ್ಲಿ ಸರಸ್ವತಿ, ಗಣಪತಿಯರನ್ನೂ ಕಲಬುರಗಿಯ ಬಂದೇನವಾಜರನ್ನೂ ಒಟ್ಟಿಗೆ ನೆನೆದ. ಇದು ಮಿತಿ ಮೀರಿತೆಂದು ಆಗಲೂ ಹೇಳಿದವರಿದ್ದರು, ಈಗಲೂ ಇದ್ದಾರೆ. ಹಾಗೆ ಹೇಳುವ ಹಕ್ಕು ಅವರಿಗಿದೆ. ಆದರೆ ಒಂದು ವ್ಯತ್ಯಾಸವನ್ನು ಮರೆಯಬಾರದು. ಬಾಟಿಚೆಲ್ಲಿಯ ವೀನಸ್‌ಗೆ ಫ್ಲಾರೆನ್ಸಿನಲ್ಲಿ ಭಕ್ತರಿರಲಿಲ್ಲ. ಇಬ್ರಾಹೀಮನ ಸರಸ್ವತಿಗೆ ಬಿಜಾಪುರದ ಬೀದಿ ಬೀದಿಯಲ್ಲಿ ಭಕ್ತರಿದ್ದರು. ಅವರ ಮನಸ್ಸಿಗೆ ಘಾಸಿಯಾಗುವಂತೆ ಅವನು ಹಾಡಲಿಲ್ಲ.

ಯಾರ ಕಲ್ಯಾಣ?

ಇಪ್ಪತ್ತನೆಯ ಶತಮಾನದಲ್ಲಿ ಕಲ್ಯಾಣಕ್ಕೆ ಇನ್ನೊಂದು ಪುನರ್ಜನ್ಮ ಸಿಕ್ಕಿತು. ಫ.ಗು. ಹಳಕಟ್ಟಿಯವರು ಬಿಜಾಪುರದಲ್ಲಿದ್ದುಕೊಂಡು ಊರೂರು ಅಲೆದು ತಾಳೆಗರಿಗಳನ್ನು ಕೂಡಿಸಿ 1923ರಲ್ಲಿ ‘ವಚನಶಾಸ್ತ್ರಸಾರ’ದ ಮೊದಲ ಭಾಗವನ್ನು ಪ್ರಕಟಿಸಿದರು. ಮುದ್ರಣಾಲಯಕ್ಕಾಗಿ ಮನೆಯನ್ನೇ ಮಾರಿದರು. ಇಟಲಿಯ ಹಸ್ತಪ್ರತಿ ಬೇಟೆಗಾರರ ಸಾಲಿನಲ್ಲಿ ನಿಲ್ಲಿಸಬಹುದಾದ ಸಾಹಸವದು. ಅವರು ಹೊರತಂದ ವಚನಗಳು ಒಂದು ಸಮುದಾಯದ ಸೊತ್ತಾಗಿ ಉಳಿಯದೆ ಕನ್ನಡಿಗರೆಲ್ಲರ ಮಾತಾದವು. ಏಕೀಕರಣದ ನಂತರ ಕಲ್ಯಾಣಿ ಬಸವಕಲ್ಯಾಣವಾಯಿತು. 2019ರಲ್ಲಿ ಹೈದರಾಬಾದ್ ಕರ್ನಾಟಕ ಇಡಿಯಾಗಿ ಕಲ್ಯಾಣ ಕರ್ನಾಟಕ ಎಂಬ ಹೆಸರು ಪಡೆಯಿತು. 2021ರಲ್ಲಿ ಹೊಸ ಅನುಭವ ಮಂಟಪಕ್ಕೆ ಶಂಕುಸ್ಥಾಪನೆಯಾಯಿತು. ಇವುಗಳ ಬಗ್ಗೆ ಹೆಮ್ಮೆಪಡಲು ಇಲ್ಲಿನ ಮುಸ್ಲಿಮರಿಗೂ ಹಕ್ಕಿದೆ. ಕಸುಬಿನ ಮೇಲೆ ಮನುಷ್ಯರನ್ನು ಅಳೆಯಬಾರದೆಂದ ಶರಣರು ಯಾರಿಗೆ ತಾನೇ ಪರಕೀಯರು?

ಆದರೆ 2022ರಲ್ಲಿ ಬಸವಕಲ್ಯಾಣದ ಪೀರ್ ಪಾಶಾ ಬಂಗಲೆಯೇ ಮೂಲ ಅನುಭವ ಮಂಟಪ ಎಂಬ ವಾದ ಜೋರಾಗಿ ಕೇಳಿಬಂದಿತು. ಆ ಜಾಗದ ಹಕ್ಕಿನ ಬಗ್ಗೆ ನಾವು ಇಲ್ಲಿ ತೀರ್ಪು ಕೊಡಲಾರೆವು. ಅದು ದಾಖಲೆಗಳಿಗೂ ಕಾನೂನಿಗೂ ಬಿಟ್ಟ ವಿಷಯ. ನಮ್ಮನ್ನು ಕಾಡಿದ ಸಂಗತಿ ಬೇರೆ. ಅನುಭವ ಮಂಟಪ ಎಂದರೆ ಬೇರೆ ಬೇರೆ ಕುಲ, ಕಸುಬಿನ ಗಂಡಸರು, ಹೆಂಗಸರು ಒಟ್ಟಿಗೆ ಕುಳಿತು ಮಾತಾಡಿದ ಜಾಗವೆಂದು ನಾವೆಲ್ಲ ಓದಿದ್ದೇವೆ. ಅಂಥ ಜಾಗವನ್ನು ಹುಡುಕುವ ಕೆಲಸ ನೆರೆಯವರ ನಡುವಿನ ಮಾತನ್ನೇ ನಿಲ್ಲಿಸುವುದಾದರೆ, ಸಿಕ್ಕುವುದು ಕಲ್ಲೋ ಮಂಟಪವೋ?

ಈ ಪ್ರಶ್ನೆಯನ್ನು ಅವರಿಗೆ ಮಾತ್ರ ಕೇಳಿ ನಾವು ಪಾರಾಗುವಂತಿಲ್ಲ. ಇಲ್ಲಿನ ಎಷ್ಟು ಮುಸ್ಲಿಮ್ ಮನೆಗಳಲ್ಲಿ ವಚನಗಳ ಪುಸ್ತಕವಿದೆ? ನಮ್ಮ ಮಕ್ಕಳಿಗೆ ಬಹಮನಿಗಳ ಹೆಸರು, ಮಹಮೂದ್ ಗವಾನರ 1472ರ ಮದ್ರಸಾ ಗೊತ್ತು. ವಿಕ್ರಮಾದಿತ್ಯನೂ ಅಕ್ಕಮಹಾದೇವಿಯೂ ನಮ್ಮ ಇತಿಹಾಸವೇ ಎಂದು ನಾವು ಅವರಿಗೆ ಹೇಳಿದ್ದೇವೆಯೇ? ಈ ನೆಲದ ಹಿಂದಿನ ಸಾವಿರ ವರ್ಷ ನಮ್ಮದಲ್ಲವೆಂದು ನಾವೇ ಕೈಬಿಟ್ಟರೆ, ಈ ನೆಲ ನಿಮ್ಮದಲ್ಲವೆನ್ನುವವರಿಗೆ ನಾವೇ ಮಾತು ಕೊಟ್ಟಂತೆ.

ಸಾಮಾನ್ಯ ಜನ ನಮಗಿಂತ ಮುಂದಿದ್ದಾರೆ. ಬೀದರಿನ ಅಷ್ಟೂರಿನಲ್ಲಿ 1436ರಲ್ಲಿ ತೀರಿಹೋದ ಬಹಮನಿ ಸುಲ್ತಾನ ಅಹ್ಮದ್ ಶಾಹ ವಲಿಯ ಗೋರಿಯಿದೆ. ಅದರ ಉರೂಸಿಗೆ ಕಲಬುರಗಿ ಜಿಲ್ಲೆಯ ಮಾಡ್ಯಾಳದ ಜಂಗಮರು ಭಕ್ತರೊಡನೆ ಬರುತ್ತಾರೆ. ಆ ಭಕ್ತರಿಗೆ ಆತ ಅಲ್ಲಮಪ್ರಭು. ಹುಮನಾಬಾದಿನ ಮಾಣಿಕನಗರದಲ್ಲಿ 1865ರಲ್ಲಿ ಸಮಾಧಿಸ್ಥರಾದ ಮಾಣಿಕಪ್ರಭುಗಳು ಎಲ್ಲ ಮತಗಳೂ ಗೌರವಕ್ಕೆ ಅರ್ಹವೆಂಬ ಸಕಲಮತ ಸಂಪ್ರದಾಯವನ್ನು ಕಟ್ಟಿದರು, ಅಲ್ಲಿಗೆ ಮುಸ್ಲಿಮರೂ ಹೋಗುತ್ತಿದ್ದರು. ಈ ಆಚರಣೆಗಳಲ್ಲಿ ಎಲ್ಲವೂ ಎಲ್ಲರ ವಿಶ್ವಾಸಕ್ಕೆ ಒಪ್ಪಿಗೆಯಾಗಬೇಕಿಲ್ಲ. ಆದರೆ ಇನ್ನೊಬ್ಬರ ಗತಕಾಲದಲ್ಲಿ ನಮಗೂ, ನಮ್ಮ ಗತಕಾಲದಲ್ಲಿ ಇನ್ನೊಬ್ಬರಿಗೂ ಕೂರಲು ಜಾಗವಿದೆ ಎಂಬ ತಿಳಿವಳಿಕೆ ಅವುಗಳಲ್ಲಿದೆ.

ಹುಡುಗಿಯ ಪ್ರಶ್ನೆಗೆ ಮರಳೋಣ. ಕಥೆಯೆಂದು ಹೇಳಿ ಯಾರ ದೇವರ ಬಗ್ಗೆಯೂ ಏನು ಬೇಕಾದರೂ ಬರೆಯಬಹುದೇ? ಬರೆಯುವ ಸ್ವಾತಂತ್ರ್ಯ ಕಾನೂನಿನ ವಿಷಯ. ಹೇಗೆ ಬರೆಯಬೇಕೆಂಬುದು ಮನಸ್ಸಾಕ್ಷಿಯ ವಿಷಯ. ಯಾವುದೇ ಪರಂ‍ಪರೆಯನ್ನು ಓದುವ, ಬರೆಯುವ, ಮತ್ತೆ ಎತ್ತಿ ಹಿಡಿಯುವ ಮುನ್ನ ಒಂದು ಮಾತು ಕೇಳಿಕೊಳ್ಳಬೇಕು: ಇದನ್ನು ನೆಚ್ಚಿ ಬದುಕುವವರು ಯಾರಾದರೂ ಇದ್ದಾರೆಯೇ? ಇದ್ದರೆ ಅವರನ್ನು ಎದುರಿಗೆ ಕೂರಿಸಿಕೊಂಡಂತೆ ಭಾವಿಸಿ ಬರೆಯಬೇಕು. ಮೆಚ್ಚದಿದ್ದರೆ ಮೆಚ್ಚುವುದಿಲ್ಲವೆಂದು ನೇರವಾಗಿ ಹೇಳಬಹುದು, ತಿರುಚಬಾರದು. ನಂಬದಿದ್ದರೆ ನಂಬುವುದಿಲ್ಲವೆನ್ನಬಹುದು, ನಂಬುವವರ ದಾರಿಗೆ ಅಡ್ಡ ನಿಲ್ಲಬಾರದು.

ಬೇಮಳಖೇಡದಿಂದ ಹೊರಡುವ ದಿನ ಆ ಹುಡುಗಿಗೆ ಖ್ವಾಜಾ ಅಹ್ಮದ್ ಮತ್ತು ಮಧುಕೇಶ್ವರನ ಸಂಗತಿ ಹೇಳಿದೆವು. ಅವಳು ಗಮನವಿಟ್ಟು ಕೇಳಿದಳು. ಕೊನೆಗೆ ಕೇಳಿದ್ದು ಇಷ್ಟೇ: “ಇದು ನಮ್ಮ ಪುಸ್ತಕದಾಗ ಯಾಕ ಇಲ್ಲ, ಮಾಮು?” ಈ ಪ್ರಶ್ನೆಯನ್ನು ನಾವು ಓದುಗರ ಮುಂದಿಡುತ್ತಿದ್ದೇವೆ.